ಚೌಕಟ್ಟಿನೊಳಗೆ ಬಂದ ಅಳಿಯ

ಶುಕ್ರವಾರ ಬೆಳಿಗ್ಗೆ ಕುವೈತಿನ ಮಂಗಫಿನಲ್ಲಿರುವ ನಮ್ಮ ಮನೆಯಲ್ಲಿ ನೀರುದೋಸೆ. ಕಾವಲಿ ಚುಂಯ್ ಎಂದರೆ ಸಾಕು, ಎದುರು ಮನೆಯ ಜೈನಬ್ ಕರೆಯದೆಯೇ ಬರುತ್ತಾಳೆ. ಸುಡಾನಿನ ತಂದೆತಾಯಿಯ ಮಗಳು, ಇಲ್ಲೇ ಹುಟ್ಟಿ ಬೆಳೆದವಳು, ಸಾಕ್ಷ್ಯಚಿತ್ರ ತೆಗೆಯುವವಳು. ಈ ನಾಡಿನಲ್ಲಿ ಕಪ್ಪು ಜನ ಯಾರನ್ನು ಪ್ರೀತಿಸುತ್ತಾರೆ, ಹೇಗೆ ಮದುವೆಯಾಗುತ್ತಾರೆ, ತಮ್ಮನ್ನು ತಾವು ಏನೆಂದು ಕರೆದುಕೊಳ್ಳುತ್ತಾರೆ ಎಂಬುದೇ ಅವಳ ಹೊಸ ಚಿತ್ರದ ವಸ್ತು.

"ನಿಮ್ಮ ಊರಲ್ಲಿ ನನ್ನಂಥವರು ಇದ್ದಾರಾ?" ಎಂದು ದೋಸೆ ಮಡಚುತ್ತಾ ತನ್ನ ಹರಕು ಹಿಂದಿಯಲ್ಲಿ ಕೇಳಿದಳು.

ಇದ್ದಾರೆ ಎಂದೆ. ನನ್ನ ಆಫೀಸಿನ ಗೆಳತಿ, ಧಾರವಾಡದ ಶೈಲಜಾಳ ಗಂಡ ಜುಜೆ, ಹಳಿಯಾಳದ ಸಿದ್ದಿ. ಶತಮಾನಗಳ ಹಿಂದೆ ಆಫ್ರಿಕಾದಿಂದ ನಮ್ಮ ಕಾಡುಗಳಿಗೆ ಬಂದು ನೆಲೆಸಿದವರ ಕುಡಿ. ರಿಫೈನರಿಗೆ ಹೋಗುವ ಕಂಪನಿ ಬಸ್ಸಿನಲ್ಲಿ ಸುಡಾನಿಗಳು ಅವನನ್ನು ಅರಬ್ಬಿಯಲ್ಲಿ ಮಾತಾಡಿಸುತ್ತಾರೆ, ಕನ್ನಡಿಗರು ಇಂಗ್ಲಿಷಿನಲ್ಲಿ. "ನನ್ನ ಕೂಡ ಯಾರೂ ಮೊದಲ ಕನ್ನಡ ಮಾತಾಡಂಗಿಲ್ರೀ, ನಾನಽ ಶುರು ಮಾಡ್ಬೇಕು," ಎಂದು ನಗುತ್ತಾನೆ.

ಬಣ್ಣಕ್ಕೆ ನಾವು ಎಷ್ಟು ಬಣ್ಣ ಹಚ್ಚುತ್ತೇವೆ ನೋಡಿ! ದೇವರಾದರೆ ಶ್ಯಾಮಲ, ಸೊಸೆಯಾದರೆ ಎಣ್ಣೆಗಪ್ಪು, ಜಾಹೀರಾತಿನಲ್ಲಿ ಎಲ್ಲರೂ ಗೋಧಿಬಣ್ಣ. ಶೈಲಜಾಳ ತಂದೆಗೆ ಆ ನಯವೂ ಬೇಕಾಗಿರಲಿಲ್ಲ. ಮದುವೆಯಾದಂದಿನಿಂದ ಅಳಿಯನೊಡನೆ ಮಾತೇ ಬಿಟ್ಟಿದ್ದರು. ಮಗಳಿಗೆ ಮಾತ್ರ ವಾರವಾರವೂ ವಿಡಿಯೊ ಕರೆ. ಕರೆ ಬಂದೊಡನೆ ಜುಜೆ ಸದ್ದಿಲ್ಲದೆ ಎದ್ದು ಅಡುಗೆಮನೆ ಸೇರುತ್ತಿದ್ದ.

ಜೈನಬ್ ತನ್ನ ಚಿತ್ರಕ್ಕಾಗಿ ಈ ಇಬ್ಬರನ್ನೂ ಅವರ ಮನೆಯಲ್ಲೇ ಚಿತ್ರೀಕರಿಸಿದ ದಿನವೂ ಆ ಕರೆ ಬಂತು. ಮನಸ್ಸಿನ ಮಾತನ್ನು ಕನ್ನಡದಲ್ಲೇ ಆಡುತ್ತೇವೆಂದು ಗಂಡಹೆಂಡಿರು ಹಟ ಹಿಡಿದಿದ್ದರಿಂದ ದುಭಾಷಿಯಾಗಿ ನಾನೂ ಅಲ್ಲಿದ್ದೆ. ಜುಜೆ ಎಂದಿನಂತೆ ಎದ್ದ. ಕ್ಯಾಮೆರಾದ ಹಿಂದಿನಿಂದ ಜೈನಬ್, "ಇವನು ಚೌಕಟ್ಟಿನಿಂದ ಯಾಕೆ ಹೊರಗೆ ಹೋಗ್ತಾನೆ?" ಎಂದಳು. ಅದನ್ನೇ ನಾನು ಕನ್ನಡದಲ್ಲಿ ಹೇಳಿದೆ. ಶೈಲಜಾ ಒಂದು ಗಳಿಗೆ ಗಂಡನ ಮುಖ ನೋಡಿದಳು.

"ಕೂಡ್ರಿ. ಇವತ್ತ ಏಳಬ್ಯಾಡ್ರಿ," ಎಂದು ತೋಳು ಹಿಡಿದು ಪಕ್ಕದಲ್ಲಿ ಕೂರಿಸಿಕೊಂಡು ಫೋನು ಎತ್ತಿದಳು. "ಅಪ್ಪಾ, ಇವರೂ ಇಲ್ಲೇ ಅದಾರ. ಮಾತಾಡಿದ್ರ ಇಬ್ಬರ ಕೂಡಾನೂ ಮಾತಾಡು, ಇಲ್ಲಾಂದ್ರ ಬ್ಯಾಡ."

ತೆರೆಯಲ್ಲಿದ್ದ ಹಿರಿಯರು ಕನ್ನಡಕ ತೆಗೆದು ಒರೆಸಿದರು, ಮತ್ತೆ ಹಾಕಿಕೊಂಡರು. ಇನ್ನೇನು ಕರೆ ಕಡಿಯಿತು ಎಂದುಕೊಂಡೆ.

"ಅಲ್ಲೆ ಭಾಳ ಬಿಸಲಂತ," ಎಂದರು ಕೊನೆಗೆ. ಆಮೇಲೆ, "ಊಟಾ ಆತೇನಪಾ?"

ಆ ಪ್ರಶ್ನೆ ಮಗಳಿಗಲ್ಲ ಎಂದು ಕನ್ನಡ ಬಲ್ಲ ನಮಗೆ ಮೂವರಿಗೂ ತಿಳಿಯಿತು.

"ಆತ್ರೀ ಮಾವಾರ," ಎಂದ ಜುಜೆ. ಅನ್ನ ಇನ್ನೂ ಕುಕ್ಕರಿನಲ್ಲೇ ಇತ್ತು.

"ಏನಂದರು?" ಎಂದು ಜೈನಬ್ ನನ್ನ ಕಿವಿಯಲ್ಲಿ ಪಿಸುಗುಟ್ಟಿದಳು.

"ಊಟ ಆಯ್ತಾ ಅಂದರು."

"ಅಷ್ಟೇನಾ?"

ಅಷ್ಟೇ ಎಂದೆ. ಅಷ್ಟರಲ್ಲಿ ಅವಳು ಶೈಲಜಾ ಅಳುತ್ತ ನಗುತ್ತಿರುವುದನ್ನು ಕಂಡು, ಸುಮ್ಮನೆ ಕಣ್ಣೊರೆಸಿಕೊಂಡು ಕ್ಯಾಮೆರಾ ನಿಲ್ಲಿಸಿದಳು. ಕರೆ ಮುಗಿಯುವವರೆಗೂ ಬೆನ್ನು ನೆಟ್ಟಗೆ ಮಾಡಿ ಕೂತಿದ್ದ ಜುಜೆ ಈಗ ದೊಡ್ಡದಾಗಿ ಉಸಿರುಬಿಟ್ಟು ಎದ್ದ.

"ಯಲ್ಲಾ," ಎಂದು ಅರಬ್ಬಿಯಲ್ಲಿ ಎಲ್ಲರನ್ನೂ ಎಬ್ಬಿಸಿದ, "ಮಾವಾರಿಗೆ ಸುಳ್ಳ ಹೇಳೇನಿ. ಬರ್ರಿ, ಈಗರ ಖರೇನಽ ಉಣ್ಣೂಣು."