ಕುರಿ ಒಪ್ಪುವವರೆಗಿನ ಹಾಡು

ಸಿಡ್ನಿಯ ಪೆಂಡಲ್ ಹಿಲ್‌ನ ನನ್ನ ಅಂಗಡಿಯಲ್ಲಿ ಕಲ್ಲುಪ್ಪು ಇರುವುದು ಎಲ್ಲಕ್ಕಿಂತ ಕೆಳಗಿನ ಸಾಲಿನಲ್ಲಿ. ಲಾಭ ಕಡಿಮೆಯಾದದ್ದು ಯಾವಾಗಲೂ ಕೆಳಗೇ, ಗೆಳೆಯರೆ, ಅಂಗಡಿ ಇಡುವುದಾದರೆ ನೆನಪಿಡಿ. ಅದಕ್ಕಾಗಿ ಬಗ್ಗುತ್ತಿದ್ದವಳು ಒಯುನ್ ಒಬ್ಬಳೇ. ಮಂಗೋಲಿಯಾದವಳು, ನಾರ್ವೆಸ್ಟ್‌ನ ಆಫೀಸುಗಳಲ್ಲಿ ಕ್ಲೀನಿಂಗ್ ಕೆಲಸ. ಹಾಲಿನ ಚಹಾಕ್ಕೆ ಸಕ್ಕರೆಯ ಬದಲು ಉಪ್ಪು ಹಾಕುವ ಜನ.

ಒಮ್ಮೆ ಉಪ್ಪು ಆರಿಸುತ್ತಾ 'ತೊಯ್ಗ್, ತೊಯ್ಗ್' ಎಂದು ಎಳೆದೆಳೆದು ಹಾಡುತ್ತಿದ್ದಳು. ಏನೆಂದು ಕೇಳಿದೆ. ಚೊಚ್ಚಲ ಕುರಿ ಕೆಲವೊಮ್ಮೆ ತನ್ನ ಮರಿಯನ್ನೇ ಒದ್ದು ದೂಡುತ್ತದಂತೆ. ಆಗ ಹೆಂಗಸರು ಮರಿಯ ಮೈಗೆ ಉಪ್ಪುನೀರು ಸವರಿ, ಕುರಿಯ ಪಕ್ಕ ಕೂತು, ಅದು ನೆಕ್ಕಿ, ಕರಗಿ, ಮೊಲೆ ಕೊಡುವವರೆಗೆ ಹಾಡುತ್ತಾರಂತೆ.

"ಎಷ್ಟು ಹೊತ್ತು?" ಎಂದೆ; ವ್ಯಾಪಾರಿಗೆ ಅಳತೆ ಬೇಕು.

"ಕುರಿ ಒಪ್ಪೋವರೆಗೆ."

ಕುರಿಯದು ನನ್ನದಕ್ಕಿಂತ ಗಟ್ಟಿ ಚೌಕಾಸಿ!

ತಾಯಿಯಿಂದ ತನಗೆ ಬಂದ ಆ ಹಾಡನ್ನು ಮಗಳಿಗೆ ದಾಟಿಸಬೇಕೆಂಬುದೊಂದೇ ಒಯುನ್‌ಳ ಆಸೆ. ಮೆಲ್ಬರ್ನಿನ ಕ್ಲೇಟನ್ನಿನಲ್ಲಿ ಓದುತ್ತಿದ್ದ ಮಗಳು ರಜೆಗೆ ಬಂದವಳು, ನನ್ನ ಕೌಂಟರಿನ ಮುಂದೆಯೇ ಫೋನ್ ಎತ್ತಿ ಹಿಡಿದಳು. "ಅಮ್ಮ, ಇಲ್ಲೇ ಹಾಡ್ಬಿಡು, ರೆಕಾರ್ಡ್ ಮಾಡ್ಕೋತೀನಿ. ಸಿಡ್ನೀಲಿ ಕುರಿ ಸಿಗೋದು ಫ್ರೀಜರ್‌ನಲ್ಲಿ ಮಾತ್ರ, ಅಲ್ವಾ ಆಂಟಿ?" ನಕ್ಕೆವು. ಒಯುನ್ ಹಾಡಿದಳು, ಒಪ್ಪುವ ಕುರಿಯೇ ಇಲ್ಲದ್ದರಿಂದ ಎಲ್ಲಿ ನಿಲ್ಲಿಸಬೇಕೆಂದು ತಿಳಿಯದೆ ನಡುವೆಯೇ ತಡವರಿಸಿ ನಿಂತಳು.

"ಸಾಕು, ಸೇವ್ ಆಯ್ತು," ಎಂದಳು ಮಗಳು.

ಸೇವ್ ಆಯಿತು, ಕಲಿಯುವ ಪ್ರಮೇಯವೂ ಅಲ್ಲಿಗೇ ಮುಗಿಯಿತು. ಅವಳನ್ನು ಹೇಗೆ ದೂರಲಿ? ನಮ್ಮ ಮಂಗಳೂರಿನ ಕ್ಯಾಥೊಲಿಕರಲ್ಲಿ ಮದುವೆಯ ಹಿಂದಿನ ದಿನ ಮದುಮಗಳಿಗೆ ತೆಂಗಿನ ಹಾಲು ಹಚ್ಚುವ ರೋಸ್ ಶಾಸ್ತ್ರದಲ್ಲಿ ಅಜ್ಜಿಯೊಬ್ಬಳು ಸಾಲು ಎತ್ತಿಕೊಟ್ಟರೆ ಹೆಂಗಸರೆಲ್ಲ ದನಿಗೂಡಿಸುತ್ತಿದ್ದರು; ಇಲ್ಲಿ ನನ್ನ ತಂಗಿಯ ಮಗಳ ರೋಸ್‌ನಲ್ಲಿ ಸ್ಪೀಕರ್ ಹಾಡಿತು, ನಾವು ಅಂಗೈಗೆ ಹಾಲು ಮೆತ್ತಿಕೊಂಡು ಬಾಯಿ ಮುಚ್ಚಿ ನಿಂತೆವು. ಗೋದಾಮಿನಲ್ಲಿಟ್ಟ ಅಕ್ಕಿಗೆ ಹುಳವಾದರೂ ಬೀಳುತ್ತದೆ, ಫೋನಿನಲ್ಲಿಟ್ಟ ಹಾಡಿಗೆ ಅದೂ ಇಲ್ಲ. ಮನೆಯಲ್ಲಿ ಹಾಡುವವರಿದ್ದರೆ, ಗೆಳೆಯರೆ, ಫೋನ್ ಕೆಳಗಿಟ್ಟು ಜೊತೆಗೆ ಕೂತು ತಪ್ಪುತಪ್ಪಾಗಿಯಾದರೂ ಹಾಡಿಬಿಡಿ.

ಮೊನ್ನೆ ಒಯುನ್ ಬಗ್ಗಿ ಉಪ್ಪು ತೆಗೆದಳು.

"ಹಾಡಿಲ್ವಾ ಇವತ್ತು?"

"ಮಗಳ ಹತ್ರ ಇದೆಯಲ್ಲ."

ತಡೆಯಲಾರದೆ ನಾನೇ 'ತೊಯ್ಗ್' ಎಂದೆ, ಒಡಕು ದನಿಯಲ್ಲಿ. ತಿದ್ದಿದಳು. ಮತ್ತೆ ಎಂದೆ, ಮತ್ತೆ ತಿದ್ದಿದಳು.

"ಈಗ?"

"ಕುರಿ ಓಡಿಹೋಯ್ತು," ಎಂದು ನಗುತ್ತಲೇ ಕಣ್ಣೊರೆಸಿಕೊಂಡಳು.

ಮರಿಯನ್ನು ಒಲ್ಲೆನ್ನುವ ತಾಯಿಗೆ ಉಪ್ಪು ಮದ್ದು. ತಾಯಿಯ ಹಾಡನ್ನು ಒಲ್ಲೆನ್ನುವ ಮರಿಗೆ ಏನು ಸವರಬೇಕೋ, ಊರಿಗೆಲ್ಲ ಬುದ್ಧಿ ಹೇಳುವ ನನಗೆ ತಿಳಿಯಲಿಲ್ಲ. ಅವಳು ಹೋದ ಮೇಲೆ ಕಲ್ಲುಪ್ಪಿನ ಪೊಟ್ಟಣಗಳನ್ನು ಮೇಲಿನ ಸಾಲಿಗೆ, ಕಣ್ಣಿಗೆ ಬೀಳುವಲ್ಲಿ, ಎತ್ತಿಟ್ಟೆ.