ಸೇಡಿನ ಸಿನಿಮಾ ಮತ್ತು ನನ್ನ ಗಡ್ಡ

ನಾನು ಓದಿದ್ದು ಐದನೆಯ ತರಗತಿವರೆಗೆ. ಕಲಬುರಗಿಯಿಂದ ಕಮಲಾಪುರಕ್ಕೆ ಟೆಂಪೊ ಓಡಿಸುತ್ತಿದ್ದೆ. ನನ್ನ ತಮ್ಮ ಕಲಬುರಗಿಯ ಸೂಪರ್ ಮಾರ್ಕೆಟ್ ಪೇಟೆಯ ಒಂದು ಅಂಗಡಿಯಲ್ಲಿ ಮದುವೆಯ ವಿಡಿಯೊ ತೆಗೆಯುತ್ತಿದ್ದ. ತೊಂಬತ್ತರ ದಶಕದ ಕೊನೆಯಲ್ಲಿ, ಮದುವೆಗಳಿಲ್ಲದ ಆಷಾಢದಲ್ಲಿ, ಮಾಲಕರ ಕ್ಯಾಮೆರಾ ಕೇಳಿ ತಂದು ಸಿನಿಮಾ ಶುರು ಮಾಡಿದ. ಕಥೆ ಇಷ್ಟೇ: ಅಣ್ಣನನ್ನು ಕೊಂದವನನ್ನು ಹುಡುಕುತ್ತ ಒಬ್ಬ ಟೆಂಪೊದಲ್ಲಿ ಊರೂರು ಸುತ್ತುತ್ತಾನೆ. ಸೇಡು ತೀರುವವರೆಗೆ ಗಡ್ಡ ತೆಗೆಯುವುದಿಲ್ಲವೆಂದು ಆಣೆ. ಟೆಂಪೊ ನನ್ನದಾದ್ದರಿಂದ ನಾಯಕನೂ ನಾನೇ.

ಕೊನೆಯ ದೃಶ್ಯ ಅಮಾವಾಸ್ಯೆಯ ದಿನ, ಕಮಲಾಪುರದ ಬಾಳೆತೋಟದಲ್ಲಿ. ಮರುದಿನ ಕ್ಯಾಮೆರಾ ವಾಪಸು ಕೊಡಬೇಕು. ಆದರೆ ಶ್ರಾವಣ ಹಿಡಿದ ಕೂಡಲೇ ನಾನು ಮಹಾಗಾಂವಕ್ಕೆ ಹೆಣ್ಣು ನೋಡಲು ಹೋಗುವುದಿತ್ತು. ನಮ್ಮ ಮನೆಯಲ್ಲಿ ಶ್ರಾವಣ ಪೂರ್ತಿ ಗಂಡಸರು ಗಡ್ಡ ತೆಗೆಯುವಂತಿಲ್ಲ, ಅಮಾವಾಸ್ಯೆಯ ದಿನವೂ ಇಲ್ಲ. ಆ ಗಡ್ಡ ನೋಡಿ ಹುಡುಗಿ ಹೆದರಿದರೆ? ಹಿಂದಿನ ದಿನವೇ ಸ್ಟೇಶನ್ ಬಜಾರದ ಕಟಿಂಗ್ ಅಂಗಡಿಗೆ ಹೋಗಿ ಕುಳಿತುಬಿಟ್ಟೆ.

"ಅಣ್ಣಾ, ಗಡ್ಡ ಎಲ್ಲ್ಯದ?" ಬೆಳಿಗ್ಗೆ ತಮ್ಮ ಕ್ಯಾಮೆರಾ ಕೆಳಗಿಟ್ಟು ಕೇಳಿದ.

"ಅವ್ವ ಹಟ ಹಿಡದ್ಳಪಾ. ನಾ ಏನ್ ಮಾಡ್ಲಿ."

ರೊಟ್ಟಿ ಬಡಿಯುತ್ತಿದ್ದ ಅವ್ವ ನನ್ನ ಮುಖ ನೋಡಿದಳು. ಇಲ್ಲವೆನ್ನಲಿಲ್ಲ. ಅವಳು ಕಟ್ಟಿದ ಬುತ್ತಿಯನ್ನೂ ಮುಟ್ಟದೆ ತಮ್ಮ ಹೊರಟ.

ತೋಟದಲ್ಲಿ ಶತ್ರುವಿನ ಪಾತ್ರದ ಸೋದರಮಾವ ಕುಡುಗೋಲು ಹಿಡಿದು ಕಾದಿದ್ದ. "ಏನೋ ಅಳಿಯಾ, ಸೇಡು ತೀರಿಸ್ಲಾಕ ಬಂದಿಯೋ, ನನ್ನ ಮಗಳ್ನ ಕೇಳ್ಲಾಕ ಬಂದಿಯೋ?"

ಎಲ್ಲರೂ ನಕ್ಕರು, ತಮ್ಮ ನಗಲಿಲ್ಲ. ಟೆಂಪೊ ತೋಟದತ್ತ ಹೋಗುವುದನ್ನು ಹಿಂದಿನಿಂದ ತೆಗೆದು ಕ್ಯಾಮೆರಾ ಮುಚ್ಚಿದ. ಸೇಡು ತೀರಲೇ ಇಲ್ಲ. ಕೆಂಪು ಬಾಳೆಹಣ್ಣು ತಿಂದು ಮನೆಗೆ ಬಂದೆವು.

ಮಹಾಗಾಂವದ ಹುಡುಗಿ ಒಪ್ಪಿದಳು. ಮದುವೆಯ ವಿಡಿಯೊ ತಮ್ಮನೇ ತೆಗೆದ. ಸಂಸಾರ ಸುಖವಾಗಿಯೇ ಸಾಗಿದೆ. ಆದರೆ ಅವ್ವನ ಮೇಲೆ ಹಾಕಿದ ಆ ಸುಳ್ಳು ಎದೆಯಲ್ಲಿ ಚುಚ್ಚುತ್ತಿತ್ತು. ಮೊನ್ನೆ ಟೆಂಪೊದಲ್ಲಿ ತಮ್ಮ ಪಕ್ಕದಲ್ಲಿ ಕುಳಿತಿದ್ದಾಗ ಹೇಳಿಬಿಟ್ಟೆ.

"ಗೊತ್ತದ," ಅಂದ. "ಕಟಿಂಗ್ ಅಂಗಡ್ಯಾವ ಆ ವಾರನೇ ಹೇಳಿದ್ದ. ಅವ್ವನ ಕಾಲಿಗಿ ಬಿದ್ದು ಬಂದೆ. ನಿನ್ನ ಲೆಕ್ಕ ಬ್ಯಾರೆ ಇಟ್ಟಿದ್ದೆ. ನಿನ್ನ ಮದುವಿ ಕ್ಯಾಸೆಟ್ ಹಾಕಿ ನೋಡು."

ಸಂಜೆ ಹೆಂಡತಿಗೆ ಎಲ್ಲ ಹೇಳಿ, ಅವಳ ಜೊತೆ ಕುಳಿತು ನೋಡಿದೆ. ನನ್ನ ಮುಖ ಮೂಗಿನವರೆಗೆ ಮಾತ್ರ. ಅದರ ಕೆಳಗೆ ಒಮ್ಮೆ ಹಾರ ಅಡ್ಡ, ಒಮ್ಮೆ ಯಾರದೋ ಕೈ, ಒಮ್ಮೆ ಆರತಿ ತಟ್ಟೆ. ಬೋಳಿಸಿದ ಗದ್ದ ಎಲ್ಲಿಯೂ ಇಲ್ಲ. ಅವನಿಗೆ ಕ್ಯಾಮೆರಾ ಹಿಡಿಯಲು ಬರುವುದಿಲ್ಲವೆಂದು ಇಷ್ಟು ವರ್ಷ ಆಡಿಕೊಂಡವನು ನಾನೇ.

ನಕ್ಕು ನಕ್ಕು ಹೆಂಡತಿಯ ಕಣ್ಣಲ್ಲಿ ನೀರು. "ನಿಮ್ಮ ತಮ್ಮನ ಸಿನಿಮಾ ಕಡೀಕಿ ಮುಗೀತು ಬಿಡ್ರಿ," ಎಂದು ಕ್ಯಾಸೆಟ್ಟನ್ನು ಮತ್ತೆ ಮೊದಲಿನಿಂದ ಹಾಕಿದಳು.