ನೂರು ತುಣುಕಿನ ಕೈಲಾಸ

ನಮ್ಮ ಮನೆಯವರಿಗೆ ಒಂದು ವಸ್ತು ನೆಟ್ಟಗೆ ಕೊಳ್ಳಲು ಬರುವುದಿಲ್ಲ. ಭಾಲ್ಕಿಯಲ್ಲಿ ಅರಿವೆ ಅಂಗಡಿ ಇಟ್ಟು ಅರ್ಧ ತಾಲ್ಲೂಕಿಗೆ ಸೀರೆ, ಧೋತರ ಮಾರಿದ ಮನೆತನ ಇದು. ಮಾರುವುದರಲ್ಲಿ ಎಲ್ಲರೂ ಪಳಗಿದ್ದಾರೆ. ಕೊಳ್ಳುವ ಹೊತ್ತಿಗೆ ಮಾತ್ರ ಬುದ್ಧಿಯನ್ನು ಗಲ್ಲಾಪೆಟ್ಟಿಗೆಯಲ್ಲಿಟ್ಟು ಬೀಗ ಹಾಕಿಕೊಂಡು ಹೋಗುತ್ತಾರೆ. ಇಲ್ಲದಿದ್ದರೆ ಒಂದು ಜಿಗ್ಸಾ ಪಜಲ್, ಅಂದರೆ ಕತ್ತರಿಸಿದ ಚಿತ್ರವನ್ನು ಮತ್ತೆ ಜೋಡಿಸುವ ಆಟದ ಡಬ್ಬಿಯೊಂದನ್ನು ಆರಿಸುವುದಕ್ಕೆ ಬೀದರ, ಭಾಲ್ಕಿ, ಔರಾದ ಮೂರೂ ಊರುಗಳು ಸೇರಿ ಅಷ್ಟೊಂದು ರಗಳೆ ಮಾಡಬೇಕಾಗಿರಲಿಲ್ಲ.

ಪಜಲ್ ಬೇಕಾಗಿದ್ದು ಅಪ್ಪನಿಗೆ. ಅವರಿಗೆ ಲಕ್ವಾ ಹೊಡೆದು ಎಡ ಭಾಗ ಸೋತಿತ್ತು. ಕಾಲು ಹೇಗೋ ಕೋಲಿನ ಆಸರೆಯಲ್ಲಿ ದಾರಿಗೆ ಬಂತು, ಕೈ ಬರಲಿಲ್ಲ. ಬಲಗೈ ಗಟ್ಟಿಯಾಗಿದೆಯಲ್ಲ, ಉಣ್ಣಲು, ಬರೆಯಲು ಅದೇ ಸಾಕಲ್ಲ ಎಂದು ನೋಡಲು ಬಂದ ನೆಂಟರೆಲ್ಲ ಸಮಾಧಾನ ಹೇಳಿದರು, ಚಹಾ ಕುಡಿದರು, ಹೋದರು. ಲಿಂಗ ಕಟ್ಟಿಕೊಂಡವನಿಗೆ ಎಡಗೈ ಯಾಕೆ ಬೇಕು ಎನ್ನುವುದು ಅವರಿಗೆ ತಿಳಿಯದ್ದೇನಲ್ಲ. ಅವರೂ ಕಟ್ಟಿಕೊಂಡವರೇ. ಆದರೆ ಅವರ ಲಿಂಗ ಎದೆಯ ಮೇಲಿನ ಕರಡಿಗೆಯಿಂದ ಹೊರಗೆ ಬರುವುದು ಮನೆಯಲ್ಲಿ ಪೂಜೆಗೆ ಅಯ್ಯನೋರು ಬಂದು ಕೂತಾಗ ಮಾತ್ರ.

ಅಪ್ಪ ಹಾಗಲ್ಲ. ದಿನಾ ಬೆಳಿಗ್ಗೆ ಸ್ನಾನ ಮಾಡಿ, ಇಷ್ಟಲಿಂಗವನ್ನು ಎಡ ಅಂಗೈ ಮೇಲೆ ಇಟ್ಟುಕೊಂಡು, ಬಲಗೈಯಿಂದ ವಿಭೂತಿ ಹಚ್ಚಿ, ಪತ್ರಿ ಏರಿಸಿ, ಅದನ್ನೇ ನೋಡುತ್ತ ಕೂಡುವವರು. ಆ ಹೊತ್ತಿನಲ್ಲಿ ಅಂಗಡಿಗೆ ಬೆಂಕಿ ಬಿದ್ದರೂ ಏಳುವ ಆಸಾಮಿಯಲ್ಲ. ಆಸ್ಪತ್ರೆಯಿಂದ ಬಂದ ಮರುದಿನ ಹಾಗೆಯೇ ಕೂಡಲು ಹೋದರು. ಅಂಗೈ ಸಪಾಟಾಗಿ ನಿಲ್ಲಲಿಲ್ಲ. ಲಿಂಗ ಜಾರಿ ಮಡಿಲಿಗೆ ಬಿತ್ತು. ಅದು ಬೇರೆಯವರ ಕೈಯಲ್ಲಿ ಕೊಟ್ಟು ಹಿಡಿಸುವಂಥದ್ದೂ ಅಲ್ಲ. ಅಂದಿನಿಂದ ಹಿತ್ತಾಳೆ ತಾಟಿನಲ್ಲಿಟ್ಟು ಪೂಜೆ ಶುರುವಾಯಿತು.

ಜೊತೆಗಿದ್ದು ಅಂಗಡಿ ನೋಡಿಕೊಳ್ಳುವ ಅಣ್ಣನ ಮುಂದೆ ಅವರು ಈ ಬಗ್ಗೆ ಏನೂ ಹೇಳಲಿಲ್ಲ. ಒಂದು ಭಾನುವಾರ ನಾನು ಬೀದರಿನಿಂದ ಹೋದಾಗ ತಾಟು ತೊಳೆದಿಡುತ್ತಿದ್ದ ನನ್ನನ್ನು ನೋಡಿ ಹೇಳಿದರು.

“ತಾಟಿಗೇ ಪೂಜಿ ಮಾಡ್ದಂಗ ಆಗ್ತದವಾ. ಒಮ್ಮಿ ಅಂಗೈ ಮ್ಯಾಲ ಬರ್ಬೇಕು ನೋಡು.”

ನಾನು ಬೀದರಿನಲ್ಲಿ ಕಚೇರಿಯೊಂದರಲ್ಲಿ ದುಡಿಯುವವಳು. ಅಪ್ಪನ ಕೈಗೆ ವ್ಯಾಯಾಮ ಹೇಳಿಕೊಟ್ಟ ಫಿಜಿಯೋಥೆರಪಿ ಹುಡುಗಿಯ ಬಳಿ ಮತ್ತೆ ಹೋಗಿ ಕೇಳಿದೆ. ರಬ್ಬರ್ ಚೆಂಡು ಹಿಚುಕಲು ಅಪ್ಪ ಒಪ್ಪುವುದಿಲ್ಲ, ಅದು ಕೆಲಸವಿಲ್ಲದವರ ಕೆಲಸ ಎನ್ನುತ್ತಾರೆ ಎಂದೆ. ಹಾಗಾದರೆ ಒಂದು ಪಜಲ್ ತಂದುಕೊಡಿ, ಎಡಗೈಯಿಂದಲೇ ತುಣುಕು ಎತ್ತಲಿ, ತಿರುಗಿಸಲಿ, ಕೂಡಿಸಲಿ, ಮನೆಯವರೂ ಜೊತೆಗೆ ಕೂಡಲಿ ಎಂದಳು. ತುಟ್ಟಿಯದು ಬೇಡ, ಹೊಸಬರು ಆಡುವಂಥದ್ದು, ತುಣುಕು ದೊಡ್ಡದಿರಲಿ ಎಂದೂ ಸೇರಿಸಿದಳು. ಇಷ್ಟು ಸರಳವಾದ ಮಾತನ್ನು ನಾನು ಫೋನಿನಲ್ಲಿ ಅಣ್ಣನಿಗೆ ಹೇಳಿದ್ದೇ ತಪ್ಪಾಯಿತು.

ಅಣ್ಣ ಅಂಗಡಿಯಲ್ಲಿ ಕೂತಲ್ಲೇ ಮೊಬೈಲಿನಲ್ಲಿ ತರಿಸಿದ. ಅವನಿಗೆ ಆನ್‌ಲೈನ್ ರೇಟಿಂಗಿನ ಚುಕ್ಕಿಗಳ ಮೇಲೆ ಬಹಳ ಭಕ್ತಿ. ಯಾರೋ ಎಲ್ಲಿಯೋ ಕೂತು ಐದು ಚುಕ್ಕಿ ಕೊಟ್ಟರೆ ಸಾಕು, ಪ್ರೆಶರ್ ಕುಕ್ಕರಾದರೂ ಸರಿ, ಕುರ್ಚಿಯಾದರೂ ಸರಿ, ಕಣ್ಣುಮುಚ್ಚಿ ತರಿಸುತ್ತಾನೆ. ತನ್ನ ಅಂಗಡಿಗೆ ಬಂದ ಗಿರಾಕಿಗೆ ಬಟ್ಟೆ ಮುಟ್ಟಿ ನೋಡ್ರಿ, ಎಳೆದು ನೋಡ್ರಿ ಎಂದು ದಿನವಿಡೀ ಹೇಳುವ ಮನುಷ್ಯ ಇವನೇ. ಬಂದದ್ದು ಸಾವಿರ ತುಣುಕಿನ ಡಬ್ಬಿ. ಚಿತ್ರದಲ್ಲಿ ಯಾವುದೋ ದೇಶದ ಅರಮನೆ, ಅದರ ಮೇಲೆ ಅರ್ಧ ಹಾಳೆ ನೀಲಿ ಆಕಾಶ, ಕೆಳಗೆ ಉಳಿದಷ್ಟೂ ನೀಲಿ ಕೆರೆ. ತುಣುಕುಗಳು ಕಿರುಬೆರಳಿನ ಉಗುರಿನಷ್ಟು. ಗಟ್ಟಿಮುಟ್ಟಾದವನಿಗೇ ಅದನ್ನು ಎತ್ತಲು ಚಿಮುಟ ಬೇಕು, ಲಕ್ವಾ ಹೊಡೆದ ಬೆರಳಿಗೆ ಅದು ಮಂಚದ ಮೇಲೆ ಚೆಲ್ಲಿದ ಸಾಸಿವೆ. ಸಾವಿರ ಯಾಕೋ ಎಂದರೆ, ನೂರರದ್ದಕ್ಕೂ ಇದಕ್ಕೂ ರೇಟಿನಲ್ಲಿ ಅಂಥ ಫರಕು ಇರಲಿಲ್ಲ, ಲಾಭವಲ್ಲವೇ ಎಂದ. ಹೆಚ್ಚು ತುಣುಕು ಬಂದರೆ ಲಾಭ! ಬಟ್ಟೆ ಅಳೆಯುವ ಕೋಲು ಹಿಡಿದು ಬೆಳೆದವನಿಗೆ ಇದಕ್ಕಿಂತ ಬೇರೆ ಲೆಕ್ಕ ಹೊಳೆಯಬೇಕಾದರೂ ಹೇಗೆ? ಎರಡು ಸಂಜೆ ತಾನೇ ಕೂತು ಅರಮನೆಯ ಒಂದು ಕಿಟಕಿ ಜೋಡಿಸಿ, ಕಣ್ಣು ಉರಿಯುತ್ತವೆ ಎಂದು ಎದ್ದ. ಉಳಿದ ಆಕಾಶವನ್ನು ಅವನ ಹೆಂಡತಿ, ನಮ್ಮ ವೈನಿ, ತಿಂಗಳುಗಟ್ಟಲೆ ಕಸದ ಜೊತೆ ಗುಡಿಸಿದಳು.

ಆಮೇಲೆ ನನ್ನ ಸರದಿ. ಬೀದರಿನಲ್ಲಿ ಆಟಿಕೆ ಅಂಗಡಿಗಳಿಗೇನೂ ಕೊರತೆಯಿಲ್ಲ, ಆದರೆ ಅಂಗಡಿಯವನಿಗೆ ತಾನು ಏನು ಮಾರುತ್ತಿದ್ದೇನೆ ಎಂಬುದು ಗೊತ್ತಿರಬೇಕೆಂಬ ನಿಯಮ ಎಲ್ಲಿದೆ? ಪಜಲ್ ಎಂದರೆ ಒಬ್ಬ ತಿರುಗಿಸುವ ಬಣ್ಣದ ಚೌಕ ತೋರಿಸಿದ. ಇನ್ನೊಬ್ಬ, ಮಗುವಿನ ವಯಸ್ಸು ಎಷ್ಟ್ರೀ ಎಂದು ಕೇಳಿದ. ಎಪ್ಪತ್ತರ ಮೇಲೆ ಎಂದೆ. ಅವನು ನಕ್ಕು ಇಡೀ ಅಂಗಡಿಗೆ ಕೇಳುವಂತೆ ಅದನ್ನು ಮತ್ತೊಮ್ಮೆ ಹೇಳಿದ. ಆ ಸಿಟ್ಟಿನಲ್ಲಿ ಡಬ್ಬಿಯನ್ನು ಸರಿಯಾಗಿ ನೋಡದೆ, ತುಣುಕು ದೊಡ್ಡದಿದೆ ಎಂಬ ಒಂದೇ ಕಾರಣಕ್ಕೆ ಕೈಗೆ ಸಿಕ್ಕಿದ್ದನ್ನು ಎತ್ತಿಕೊಂಡು ಬಂದೆ. ಸ್ಪಂಜಿನಂಥ ಒಂಬತ್ತು ತುಣುಕು, ಕೂಡಿಸಿದರೆ ನಗುವ ಆನೆ. ಅಪ್ಪ ಅದನ್ನು ಬಲಗೈಯಲ್ಲಿ ಹಿಡಿದು ಹಿಂದೆ ಮುಂದೆ ತಿರುಗಿಸಿದರು. ಇದರ ಜೋಡಿ ಗಿಲಕಿಯನ್ನೂ ಕೊಡುತ್ತಾರೇನು ಎಂದು ಕೇಳಿ ಪಕ್ಕಕ್ಕಿಟ್ಟರು. ಆ ದಿನ ಮತ್ತೆ ನನ್ನ ಜೊತೆ ಸರಿಯಾಗಿ ಮಾತಾಡಲಿಲ್ಲ.

ಇಷ್ಟು ಆದ ಮೇಲಾದರೂ ಏನು ನೋಡಿ ಕೊಳ್ಳಬೇಕು ಎಂಬುದು ನನಗೆ ತಿಳಿಯಿತು. ತುಣುಕು ಹೆಬ್ಬೆರಳಿಗಿಂತ ದೊಡ್ಡದಿರಬೇಕು, ರಟ್ಟು ದಪ್ಪನೆಯದಾಗಿರಬೇಕು. ಕೂಡಿಸಿದ್ದು ಮುಟ್ಟಿದರೆ ಕದಲಬಾರದು. ಚಿತ್ರದ ಮೂಲೆ ಮೂಲೆಯಲ್ಲೂ ಬೇರೆ ಬೇರೆ ಬಣ್ಣ, ಬೇರೆ ಬೇರೆ ವಸ್ತು ಇರಬೇಕು, ಇಲ್ಲದಿದ್ದರೆ ಹೊಸಬರಿಗೆ ಎಲ್ಲಿಂದ ಹಿಡಿಯಬೇಕೆಂದೇ ತಿಳಿಯುವುದಿಲ್ಲ. ಎಲ್ಲಕ್ಕಿಂತ ಮೊದಲು, ದೊಡ್ಡವರು ನೋಡಿದರೆ ಮರ್ಯಾದೆ ಹೋಯಿತು ಅನಿಸದಂಥ ಚಿತ್ರವಿರಬೇಕು. ಇಷ್ಟೆಲ್ಲ ತಲೆಯಲ್ಲಿಟ್ಟುಕೊಂಡು ಮತ್ತೆ ಅಂಗಡಿಗೆ ಹೋದರೆ, ಸೀಲ್ ಒಡೆದರೆ ತೆಗೆದುಕೊಳ್ಳಲೇಬೇಕು ಎಂದ ಪುಣ್ಯಾತ್ಮ.

ಸರಿಯಾದದ್ದನ್ನು ತಂದವಳು, ಹೇಳಲು ಹೊಟ್ಟೆ ಉರಿಯುತ್ತದೆ, ಔರಾದಿಗೆ ಕೊಟ್ಟ ನಮ್ಮ ಅಕ್ಕ. ಅವಳು ಆರಿಸಿ ತಂದದ್ದಲ್ಲ. ಬಸ್ ಸ್ಟ್ಯಾಂಡಿನ ಹತ್ತಿರದ ಪುಸ್ತಕದ ಅಂಗಡಿಯಲ್ಲಿ ದೇವರ ಚಿತ್ರ ಕಂಡಿತು, ಅಗ್ಗ ಅನಿಸಿತು, ತಂದಳು. ಅಕ್ಕನಿಗೆ ಬೆಳಗಾದರೆ ಮೊಬೈಲಿನಲ್ಲಿ ಪ್ರವಚನ, ಮಧ್ಯಾಹ್ನ ಇನ್ನೊಬ್ಬರ ಪ್ರವಚನ. ಇಬ್ಬರೂ ಒಬ್ಬರಿಗೊಬ್ಬರು ವಿರುದ್ಧ ಹೇಳಿದರೂ ಇಬ್ಬರಿಗೂ ತಲೆದೂಗುತ್ತಾಳೆ. ಡಬ್ಬಿಯ ಮೇಲೆ ಕೈಲಾಸದಲ್ಲಿ ಸಂಸಾರ ಸಮೇತ ಕೂತ ಶಿವ. ಕೊಂಕು ತೆಗೆಯಬೇಕೆಂದು ನಾನು ಬಹಳ ಹುಡುಕಿದೆ, ಏನೂ ಸಿಗಲಿಲ್ಲ. ನೂರೇ ತುಣುಕು, ದಪ್ಪ ರಟ್ಟು. ಒಂದು ಕಡೆ ಹುಲಿ ಚರ್ಮ, ಒಂದು ಕಡೆ ಹಾವು, ನವಿಲು, ನಂದಿ, ಚಂದ್ರ. ಎಲ್ಲಿ ಕೈ ಇಟ್ಟರೂ ಒಂದು ಗುರುತು.

ಆದರೆ ಅಕ್ಕ ಬರೀ ಪಜಲ್ ತಂದಿರಲಿಲ್ಲ, ಅದರ ಜೊತೆ ಕಾಯಿದೆಯನ್ನೂ ತಂದಿದ್ದಳು. ಮಂಚದ ಮೇಲೆ ಇಡಬಾರದು, ಮಲಗುವ ಜಾಗ. ಸ್ನಾನವಿಲ್ಲದೆ ಮುಟ್ಟಬಾರದು. ಉಂಡ ಕೈಯಲ್ಲಿ ಮುಟ್ಟಬಾರದು. ಕೆಳಗೆ ಬಿದ್ದ ತುಣುಕನ್ನು ಕಣ್ಣಿಗೆ ಒತ್ತಿಕೊಂಡೇ ಮೇಲಿಡಬೇಕು. ವೈನಿ ಒಮ್ಮೆ ಕಾಣದೆ ನಂದಿಯ ಹಿಂಗಾಲು ತುಳಿದಳು. ಅಕ್ಕ ಔರಾದಿನಿಂದ ವಿಡಿಯೋ ಕಾಲಿನಲ್ಲಿ ನೋಡುತ್ತಿದ್ದಳು, ಅಲ್ಲಿಂದಲೇ ನೀರು ಚಿಮುಕಿಸಲು ಹುಕುಂ ಮಾಡಿದಳು. ರಟ್ಟಿನ ಮೇಲೆ ನೀರು! ವೈನಿ ಬುದ್ಧಿವಂತೆ, ನೆಲದ ಮೇಲೆ ಚಿಮುಕಿಸಿದಳು.

ಅಪ್ಪನಿಗೆ ಈ ಗದ್ದಲ ಮೋಜೆನಿಸಿತು. ಇಷ್ಟಲಿಂಗ ಬಿಟ್ಟು ಗೋಡೆಯ ಮೇಲಿನ ಚಿತ್ರಕ್ಕೆ ಅವರು ಕೈ ಮುಗಿದದ್ದನ್ನು ನಾನು ಒಮ್ಮೆಯೂ ನೋಡಿರಲಿಲ್ಲ. ದೇವರ ಕ್ಯಾಲೆಂಡರನ್ನು ಅವರು ತಾರೀಖು ನೋಡಲು ಇಟ್ಟವರು. ಮಣೆಯ ಮೇಲೆ ಹಲಗೆ, ಹಲಗೆಯ ಮೇಲೆ ಮಡಿ ವಸ್ತ್ರ ಹಾಸಿಕೊಟ್ಟ ಮೇಲೆ ಎಡಗೈ ಮುಂದೆ ಚಾಚಿದರು. ಮೊದಮೊದಲು ತುಣುಕು ಅಂಗೈಯ ಕೆಳಗೆ ಉಜ್ಜಿಕೊಂಡು ಸರಿಯುತ್ತಿತ್ತೇ ಹೊರತು ಏಳುತ್ತಿರಲಿಲ್ಲ. ಬರಬರುತ್ತ ಹೆಬ್ಬೆರಳು ತೋರುಬೆರಳು ಒಂದನ್ನೊಂದು ಹುಡುಕಿಕೊಂಡವು. ಒಂದು ಭಾನುವಾರ ನವಿಲಿನ ಕುತ್ತಿಗೆಯನ್ನು ಎತ್ತಿ, ತಿರುಗಿಸಿ, ಒತ್ತಿ ಕೂಡಿಸಿದರು. ಅಣ್ಣನೂ ಅಂಗಡಿ ಮುಚ್ಚಿ ಬಂದು ಕೂಡತೊಡಗಿದ. ಇಡೀ ಮನೆ ಒಂದು ಹಲಗೆಯ ಸುತ್ತ ಜಗಳವಿಲ್ಲದೆ ಕೂತಿದ್ದನ್ನು ನಾನು ಆಗಲೇ ನೋಡಿದ್ದು, ಖುಷಿಯೂ ಆಯಿತು.

ಕೊನೆಯ ತುಣುಕು ಚಂದ್ರ. ಅಪ್ಪ ಎಡಗೈಯಿಂದಲೇ ಇಟ್ಟರು. ಅಣ್ಣ ಫೋಟೊ ಹೊಡೆದು ಕುಟುಂಬದ ವಾಟ್ಸಾಪ್ ಗುಂಪಿಗೆ ಹಾಕಿದ. ಖಟಕ ಚಿಂಚೋಳಿಯಿಂದ, ಸಂತಪುರದಿಂದ, ಎಲ್ಲಿಂದೆಲ್ಲಿಂದಲೋ ಮುಗಿದ ಕೈಗಳ ಸುರಿಮಳೆ. ಎಲ್ಲಿ ಸಿಗುತ್ತದೆ ಎಂದು ಕೇಳಿದರು, ಅಪ್ಪನ ಕೈ ಹೇಗಿದೆ ಎಂದು ಒಬ್ಬರೂ ಕೇಳಲಿಲ್ಲ.

ಇನ್ನು ಬಿಚ್ಚಿ ಮೊದಲಿನಿಂದ ಜೋಡಿಸಲಿ, ಕೈ ಬಿಡಬಾರದು ಎಂದು ಫಿಜಿಯೋಥೆರಪಿ ಹುಡುಗಿ ಹೇಳಿದ್ದಳು. ಅದನ್ನು ನಾನು ಮನೆಯಲ್ಲಿ ಹೇಳಿದ ಕೂಡಲೇ ಎಲ್ಲರೂ ನನ್ನ ಮುಖ ನೋಡಿದರು. ಪೂರ್ತಿಯಾದ ದೇವರನ್ನು ಒಡೆಯುವುದು ಹೇಗೆ ಎಂದು ಅಕ್ಕ ಫೋನಿನಲ್ಲೇ ಅಳತೊಡಗಿದಳು. ಶ್ರಾವಣ ಮುಗಿಯಲಿ ಎಂದಳು ವೈನಿ. ಪೂಜೆಗೆ ಎಂದೂ ಕೂಡದ ಅಣ್ಣನಿಗೆ ಇದ್ದಕ್ಕಿದ್ದಂತೆ ವ್ಯಾಪಾರದ ಶಕುನದ ಯೋಚನೆ ಹತ್ತಿತು. ನೀನೇ ಒಡಿ ಹಾಗಾದರೆ ಎಂದರು. ಇಷ್ಟು ದೊಡ್ಡ ಬಾಯಿಯ ನಾನು ಹಲಗೆಯವರೆಗೆ ಹೋಗಿ, ಒಂದು ಮೂಲೆ ಮುಟ್ಟಿ, ವಾಪಸ್ ಬಂದೆ. ಇನ್ನೊಂದು ಪಜಲ್ ತರೋಣ ಎಂದರೆ ಅಣ್ಣ, ಒಂದು ಮಾಡಿದರಲ್ಲ, ಕಲಿತಂಗೇ ಆಯಿತು ಎಂದ. ಅವನಿಗೆ ಅದು ಪರೀಕ್ಷೆ, ಪಾಸಾದರೆ ಮುಗಿಯಿತು. ಬೀದರಿನಲ್ಲಿ ನಾನು ಹುಡುಕಿದಾಗ ಆ ಅಳತೆಯಲ್ಲಿ ಸಿಕ್ಕವು ಲಕ್ಷ್ಮಿ ಮತ್ತು ಗಣಪತಿ. ತಂದಿದ್ದರೆ ಅವರೂ ಒಮ್ಮೆ ಕೂಡಿ ಗೋಡೆ ಏರುತ್ತಿದ್ದರು.

ಹಲಗೆ ದೇವರ ಜಗಲಿ ಸೇರಿತು. ದಿನಾ ಹೂವು. ಇತ್ತ ಅಪ್ಪನ ಬೆರಳುಗಳು ಮತ್ತೆ ಒಳಗೆ ಮಡಚಿಕೊಳ್ಳತೊಡಗಿದವು. ನಾನು ಹೋದಾಗಲೆಲ್ಲ ಅವನ್ನು ಒಂದೊಂದಾಗಿ ಬಿಡಿಸುತ್ತಿದ್ದೆ. ಅವರು ಜಗಲಿಯ ಕಡೆ ನೋಡುತ್ತಿದ್ದರು.

ಶ್ರಾವಣ ಮುಗಿದ ಮೇಲಾದರೂ ಬಿಚ್ಚಿಯಾರು ಎಂದುಕೊಂಡಿದ್ದೆ. ಬದಲಿಗೆ ಅಣ್ಣ ಆ ಚಿತ್ರಕ್ಕೆ ಕಟ್ಟು ಹಾಕಿಸಲು ಗಾಜಿನವನಿಗೆ ಹೇಳಿ ಬಂದ. ಅವನು ಬರುವ ದಿನ ಅಕ್ಕ ಮಾಲೆ ಹಿಡಿದು ಔರಾದಿನಿಂದ ಮೊದಲ ಬಸ್ಸಿಗೇ ಬಂದಳು. ಅಪ್ಪ ಸ್ನಾನ ಮುಗಿಸಿ ಬಂದು, ಹಲಗೆಯನ್ನು ತನ್ನ ತೊಡೆಯ ಮೇಲೆ ಇಡಲು ಹೇಳಿದರು. ಕೊನೆಗೂ ಅಪ್ಪ ಚಿತ್ರಕ್ಕೆ ಕೈ ಮುಗಿಯುತ್ತಾರೆ ಎಂದು ಅಕ್ಕ ಸೆರಗು ಸರಿಮಾಡಿಕೊಂಡಳು. ಅವರು ಬಲಗೈಯನ್ನು ತೊಡೆಯ ಕೆಳಗೆ ಸೇರಿಸಿದರು. ಎಡಗೈ ಎತ್ತಿ ಚಿತ್ರದ ಅಂಚಿಗೆ ತಂದು ಒಳಮುಖವಾಗಿ ದೂಡಿದರು. ರಟ್ಟು ಗಟ್ಟಿಯಾಗಿತ್ತು, ಕದಲಲಿಲ್ಲ. ಮತ್ತೆ ದೂಡಿದರು. ಕೈಲಾಸ ನಡುವೆ ಉಬ್ಬಿ, ಬಿರಿದು, ಅರ್ಧ ನೆಲಕ್ಕೆ ಸುರಿಯಿತು.

ಅಕ್ಕನ ಕೈಯಿಂದ ಮಾಲೆ ಜಾರಿತು. “ಅಪ್ಪಾ, ಶಿವ ಇದ್ದಾನ್ರೀ ಅದು,” ಎಂದಳು.

ಅಪ್ಪ ಅವಳ ಕಡೆ ತಿರುಗಿದರು. ಎಡ ಅಂಗೈಯನ್ನು ಮೇಲ್ಮುಖ ಮಾಡಿ ಅವಳ ಮುಂದೆ ಹಿಡಿದರು. ಒಂದು ತುಕಡಿ ಎತ್ತಿ ಇದರ ಮೇಲೆ ಇಡು ಎಂದರು. ಅಕ್ಕ ಹೆದರುತ್ತಲೇ ಕೆಳಗಿನಿಂದ ಒಂದು ತುಣುಕು ಎತ್ತಿ ಇಟ್ಟಳು. ಅಪ್ಪ ಅಂಗೈಯನ್ನು ಸಪಾಟಾಗಿ ಹಿಡಿಯಲು ನೋಡಿದರು. ತುಣುಕು ಸ್ವಲ್ಪ ಹೊತ್ತು ನಿಂತು, ಓರೆಯಾಗಿ, ಕೆಳಗೆ ಬಿತ್ತು. ಎತ್ತಿಕೊಳ್ಳಲು ಎಲ್ಲರೂ ಒಟ್ಟಿಗೇ ಬಗ್ಗಿದೆವು.

“ಇದು ಬಿದ್ರ ನಡೀತದವಾ,” ಎಂದರು ಅಪ್ಪ, ಬಲಗೈಯನ್ನು ಎದೆಯ ಮೇಲಿನ ಕರಡಿಗೆಗೆ ತಂದು. “ಅದು ಬೀಳಬಾರ್ದು. ಮತ್ತೊಂದು ಇಡು.”